ದೋಣಿ ಪರೀಕ್ಷೆಗೆ ಒಂದು ಚೊಂಬು ನೀರು

ನನ್ನದು ಹುಟ್ಟಾ ಅನುಮಾನದ ಸ್ವಭಾವ. ಎಳನೀರಿನವನು ನಕ್ಕರೆ ಕಾಯಿ ಬಲಿತಿದೆ ಎಂದೇ ನನ್ನ ತೀರ್ಮಾನ. ಹೆಂಡತಿಗೆ ಇದು ತಲೆನೋವಾದರೂ ನೆಂಟರಿಗೆ ಬಲು ಉಪಯೋಗ. ಜಯನಗರದಿಂದ ಹುಳಿಮಾವಿನವರೆಗೆ ನಮ್ಮವರು ಯಾರು ಮನೆ ಕೊಳ್ಳುವುದಾದರೂ ಮೊದಲು ನನ್ನನ್ನು ಕರೆದುಕೊಂಡು ಹೋಗುತ್ತಾರೆ. ನಾನು ಗೋಡೆ ತಟ್ಟುತ್ತೇನೆ, ಬಚ್ಚಲಲ್ಲಿ ಒಂದು ಚೊಂಬು ನೀರು ಸುರಿದು ಅದು ಮೋರಿಯ ಕಡೆಗೇ ಹರಿಯುತ್ತದೋ ಇಲ್ಲವೋ ನೋಡುತ್ತೇನೆ. ಎಷ್ಟೋ ಬಿಲ್ಡರುಗಳ ಬಂಡವಾಳ ಹೀಗೆ ಬಯಲಾಗಿದೆ.

ಎಲ್ಲರ ಕೈಗೂ ಮೊಬೈಲು ಬಂದ ಹೊಸತರಲ್ಲಿ ನನ್ನ ಹೆಂಡತಿಯ ತಮ್ಮ ಪ್ರಕಾಶ ತಲಘಟ್ಟಪುರದ ಜಮೀನು ಮಾರಿ, ಕರಾವಳಿಯುದ್ದಕ್ಕೂ ಸುತ್ತಲು ಮೋಟಾರಿನ ವಿಹಾರದೋಣಿ ಕೊಳ್ಳಲು ಹೊರಟ. ಆಗಲೂ ಕರೆದದ್ದು ನನ್ನನ್ನೇ. ದೋಣಿಯ ಹೊರಮೈ ಕಂಪನಿಯ ಅಚ್ಚಿನದು, ಒಳಗಿನ ಏರ್ಪಾಡು ಮಾತ್ರ ನಮ್ಮಿಷ್ಟದ್ದಂತೆ. "ಭಾವ, ಎರಡು ರೂಮಿಂದು ಬೇಕೋ ಮೂರು ರೂಮಿಂದೋ, ನೀವೇ ನೋಡಿ ಹೇಳಿ. ಮೂರು ಅಂದ್ರೆ ಒಂದು ನಿಮ್ಗೂ ಅಕ್ಕಂಗೂ" ಎಂದ. ನಾನು ತೋರಿಸಿಕೊಳ್ಳಲಿಲ್ಲ, ಆದರೆ ಆ ಮೂರನೇ ಕೋಣೆಯ ಮೇಲೆ ವಿಪರೀತ ಆಸೆ ಹುಟ್ಟಿಬಿಟ್ಟಿತು. ಕಿಟಕಿಯ ಪಕ್ಕ ಕಾಫಿ ಹಿಡಿದು ಕೂತು ಗೋಕರ್ಣ ದಾಟುವ ಭಾಗ್ಯ ನಮ್ಮ ವಂಶದಲ್ಲಿ ಯಾರಿಗಿತ್ತು?

ದೋಣಿ ಮಾರುವಾತ ಜೆ.ಪಿ. ನಗರದಲ್ಲಿರುವ ಪ್ರಕಾಶನ ಮನೆಗೇ ನಕ್ಷೆ ತಂದ. ಅಡುಗೆಮನೆ ಆಗ್ನೇಯಕ್ಕೆ ಬರುತ್ತದೆಯೇ ಎಂದು ಕೇಳಿದೆ. "ಬರುತ್ತೆ ಸಾರ್." ದೇವರ ಗೂಡು? "ಮಾಡ್ಸೋಣ ಸಾರ್." ಗ್ರೈಂಡರು? "ಕೂರ್ಸೋಣ ಸಾರ್." ಇಷ್ಟು ಸಲೀಸಾಗಿ ಒಪ್ಪುವವನನ್ನು ನಂಬುವುದು ಹೇಗೆ? ಎಲ್ಲ ದಿಕ್ಕಿಗೂ ತಿರುಗುವ ದೋಣಿಗೆ ಆಗ್ನೇಯ ಯಾವುದು ಎಂದು ನನಗೂ ಹೊಳೆಯಲಿಲ್ಲ, ಅವನೂ ಹೇಳಲಿಲ್ಲ. "ಎಂಜಿನ್ ಎರಡಿದೆ ಸಾರ್" ಎಂದು ಹೆಮ್ಮೆಪಟ್ಟ. "ಯಾಕೆ, ಒಂದರ ಮೇಲೆ ನಿಮಗೇ ನಂಬಿಕೆ ಇಲ್ವಾ?" ಎಂದೆ.

ಮಂಗಳೂರಿಗೆ ಹೋಗಿ ಮಾದರಿ ದೋಣಿ ಹತ್ತಿದೆವು. ನಾನು ನೇರವಾಗಿ ಬಚ್ಚಲಿಗೆ ನುಗ್ಗಿ, ಬೆಂಗಳೂರಿನಿಂದ ತಂದಿದ್ದ ಚೊಂಬಿನಲ್ಲಿ ನೀರು ಹಿಡಿದು ಸುರಿದೆ. ನೀರು ಎಡಕ್ಕೆ ಹೋಯಿತು. ಸಿಕ್ಕಿಬಿದ್ದರು ಎಂದುಕೊಳ್ಳುವಷ್ಟರಲ್ಲಿ ಬಲಕ್ಕೆ ಬಂತು. ಮತ್ತೆ ಎಡಕ್ಕೆ. "ಪ್ರಕಾಶ, ನೆಲದ ಲೆವೆಲ್ಲೇ ಸರಿ ಇಲ್ಲ ಕಣೋ!" ಎಂದು ಕೂಗಿದೆ. ಬಗ್ಗಿ ಆ ನೀರನ್ನೇ ನೋಡುತ್ತಿದ್ದ ನನಗೆ ತಲೆ ತಿರುಗಿ, ಬೆಳಗಿನ ಇಡ್ಲಿಯೆಲ್ಲ ಆಚೆ ಬಂತು. "ಇಷ್ಟು ಜೋರಾಗಿ ಓಡಿಸ್ಬೇಡ್ರೀ, ನಿಲ್ಸಿ!" ಎಂದು ಗೋಗರೆದೆ. ಮಾರುವಾತ ಮೊದಲ ಸಲ ನನ್ನ ಮಾತಿಗೆ ಒಪ್ಪಲಿಲ್ಲ. "ಸಾರ್, ಇನ್ನೂ ಹಗ್ಗಾನೇ ಬಿಚ್ಚಿಲ್ಲ" ಎಂದ.

ಪ್ರಕಾಶ ಆ ದೋಣಿಯನ್ನೇ ಆರಿಸಿದ. ವಾರದ ಬಳಿಕ ನಮ್ಮ ಮನೆಗೆ ಬಂದು, "ಭಾವ, ಎರಡು ರೂಮಿಂದೇ ಸಾಕು ಅಂದ್ಬಿಟ್ಟೆ. ನಿಮ್ಮ ರೂಮಿನ ಜಾಗದಲ್ಲಿ ಸಾಮಾನು ಇಡೋಕೆ ಕಪಾಟು ಬರುತ್ತೆ. ನಿಮಗ್ಯಾಕೆ ಸುಮ್ನೆ ತೊಂದ್ರೆ?" ಎಂದ. ನನಗೆ ಹೊಟ್ಟೆ ಉರಿದುಹೋಯಿತು. ಆದರೆ ಎಷ್ಟು ಕೆದಕಿದರೂ ಆ ಮಾತಿನಲ್ಲಿ ಅನುಮಾನ ಪಡುವಂಥದ್ದು ಒಂದೂ ಸಿಗಲಿಲ್ಲ.