ಮೂರು ಕೂಗಿಗೆ ಬರಬೇಕಾದ ದೆವ್ವ

ನಮ್ಮದು ಮೂರು ತಲೆಮಾರಿನಿಂದ ಗದಗಿನಲ್ಲಿ ವಕೀಲಿ ಮಾಡಿದ ಮನೆತನ. ಮುಂಡರಗಿಯಲ್ಲಾಗಲಿ, ಲಕ್ಷ್ಮೇಶ್ವರದಲ್ಲಾಗಲಿ, ತೀರಿಹೋದ ನಮ್ಮ ತಂದೆಯವರ ಹೆಸರು ಹೇಳಿದರೆ ಇಂದಿಗೂ ಕುರ್ಚಿ ಬಿಟ್ಟುಕೊಡುತ್ತಾರೆ. ನಾನು ಕಾನ್ವೆಂಟಿನಲ್ಲಿ ಸಿಸ್ಟರುಗಳ ಕೈಯಲ್ಲಿ ಕಲಿತವಳು. ಬೆನ್ನು ನೆಟ್ಟಗಿಟ್ಟು ಕೂಡುವುದನ್ನೂ ಬಾಯಿ ಮುಚ್ಚಿ ನಗುವುದನ್ನೂ ಅವರೇ ಕಲಿಸಿದರು. ಆದರೂ ನಗೆಪಾಟಲಿನ ಪ್ರಸಂಗಗಳು ನಮ್ಮ ಮನೆಯ ಗೇಟು ತೆಗೆದುಕೊಂಡು ತಾವೇ ಒಳಗೆ ಬರುತ್ತವೆ. ಈಚೆಗೆ ಬಂದದ್ದು ಒಂದು ದೆವ್ವದ ನಾಟಕ.

೧. ಕಾಯಿದೆ

ಆಡುವವರು ಬೆಟಗೇರಿಯ ನಮ್ಮ ಓಣಿಯವರು, ಬರೆದವರು ಲಕ್ಷ್ಮೇಶ್ವರದ ಕನ್ನಡ ಮಾಸ್ತರು. ಕಥೆ ನಡೆಯುವುದು ಮೋಡದ ಮೇಲಿನ ಒಂದು ರಾಜ್ಯದಲ್ಲಿ. ಅಲ್ಲಿಯ ಕೋರ್ಟಿನಲ್ಲೂ ನಮ್ಮಲ್ಲಿಯಂತೆ ಪಟ್ಟೇವಾಲ ಬಾಗಿಲಲ್ಲಿ ನಿಂತು ಮೂರು ಸಲ ಹೆಸರು ಕೂಗುತ್ತಾನೆ. ಕೂಗಿಸಿಕೊಂಡವರು ಬರಲೇಬೇಕು. ಸತ್ತವರಿಗೆ ವಿನಾಯಿತಿ ಎಂದು ಕಾಯಿದೆಯಲ್ಲಿ ಬರೆಯಲು ಮರೆತಿದ್ದಾರೆ. ಹೀಗಾಗಿ ಸತ್ತ ವಕೀಲನೊಬ್ಬನ ದೆವ್ವ ಪ್ರತಿ ತಾರೀಖಿಗೂ ಹಾಜರಾಗುತ್ತದೆ.

ವಕೀಲರ ಮನೆಯವಳೆಂದು ಮಾಸ್ತರು ನನ್ನ ಸಲಹೆ ಕೇಳಲು ಬಂದರು. ನಮ್ಮ ಹಿರಿಯರ ಹೆಸರಿಗೆ ಕುಂದು ಬರಬಾರದೆಂಬ ಕರಾರಿನ ಮೇಲೆ ಒಪ್ಪಿದೆ. ನನಗೆ ಕುತೂಹಲ ಹುಟ್ಟಿದ್ದು ಬೇರೆ ಕಡೆ. ವಕೀಲ ಸತ್ತ ಮೇಲೆ ಅವನ ವಕಾಲತ್ತು ಉಳಿಯುತ್ತದೆಯೇ? ಹೊಸದಕ್ಕೆ ದೆವ್ವ ಸಹಿ ಹಾಕುವುದು ಹೇಗೆ?

"ಅಕ್ಕಾರ, ಅದು ಕಲ್ಪನಾರಾಜ್ಯರಿ," ಎಂದರು ಮಾಸ್ತರು.

ರಾಜ್ಯ ಕಲ್ಪನೆಯದಾದರೂ ಕಾಗದಪತ್ರ ಸರಿಯಿರಬೇಕು ಎಂದೆ. ಎರಡು ದಿನ ಬಿಟ್ಟು ಹೊಸ ದೃಶ್ಯ ಬರೆದು ತಂದರು. ಅದರಲ್ಲಿ ದೆವ್ವ ತನ್ನ ಸಹಿಗೆ ಇಬ್ಬರು ಸಾಕ್ಷಿ ಬೇಕೆಂದು ಸ್ಮಶಾನದಲ್ಲಿ ಪರಿಚಯದವರನ್ನು ಹುಡುಕುತ್ತ ತಿರುಗುತ್ತಿತ್ತು.

೨. ಉಡುಪು

ದೆವ್ವದ ಪಾತ್ರ ನಮ್ಮ ಓಣಿಯ ಬಟ್ಟೆ ವ್ಯಾಪಾರಿಯದು. ಅವರು ಅಂಗಡಿಯಿಂದ ಒಂದು ಇಡೀ ಸುರುಳಿ ಬಿಳಿ ಬಟ್ಟೆ ಹೊತ್ತು ತಂದರು. ಕೋರ್ಟಿಗೆ ಬರುವ ವಕೀಲ ದೆವ್ವವಾದರೂ ಕರಿ ಕೋಟು ಹಾಕಬೇಕೆಂದು ನಮ್ಮ ತಂದೆಯವರ ಕೋಟನ್ನೇ ಕೊಟ್ಟೆ. ಹಾಕಿಕೊಂಡು ಕನ್ನಡಿಯಲ್ಲಿ ಬಹಳ ಹೊತ್ತು ನೋಡಿಕೊಂಡರು.

"ಇದನ್ನ ಹಾಕ್ಕೊಂಡ ಮ್ಯಾಲೆ ಹೆದರಸಾಕ ಮನಸ್ಸ ಬರವಲ್ದರಿ ಅಕ್ಕಾರ. ಯಾರಿಗರೆ ನೋಟೀಸ್ ಕಳಸ್ಬೇಕು ಅನಸಾಕತ್ತೈತಿ."

೩. ಕೂಗು

ಪಟ್ಟೇವಾಲನ ಪಾತ್ರಕ್ಕೆ ಶಿರಹಟ್ಟಿಯಿಂದ ನಿಜವಾದ ಪಟ್ಟೇವಾಲರನ್ನೇ ಕರೆಸಿದೆವು. ಈಗ ನಿವೃತ್ತರು. ತಂದೆಯವರ ಕಾಲದಲ್ಲಿ ಗದಗಿನ ಕೋರ್ಟಿನಲ್ಲೇ ಕೂಗುತ್ತಿದ್ದವರು. ತಾಲೀಮಿನಲ್ಲಿ ಮಾಸ್ತರು ಬರೆದ ದೆವ್ವದ ಹೆಸರನ್ನು ಚೊಕ್ಕವಾಗಿ ಕೂಗಿದರು.

ನಾಟಕದ ಸಂಜೆ ಸಭಾಂಗಣ ತುಂಬಿತ್ತು. ಕುರ್ತಕೋಟಿಯಿಂದಲೂ ಜನ ಬಂದಿದ್ದರು. ಪಟ್ಟೇವಾಲರು ಎದೆಗೆ ಪಟ್ಟಿ ಬಿಗಿದುಕೊಂಡು ಬಂದು ನಿಂತರು. ಪಕ್ಕದ ಪರದೆಯ ಹಿಂದೆ ಆ ಕೋಟು ಕಣ್ಣಿಗೆ ಬಿದ್ದಿರಬೇಕು. ಬಾಯಿಗೆ ಹಳೆಯ ರೂಢಿಯ ಹೆಸರೇ ಬಂತು. ನಮ್ಮ ತಂದೆಯವರ ಹೆಸರು, ಮನೆತನದ ಅಡ್ಡಹೆಸರು ಸಮೇತ, ಮೂರು ಸಲ.

ಬಟ್ಟೆ ವ್ಯಾಪಾರಿ ಅಲುಗಲಿಲ್ಲ. ಕೂಗಿದ್ದು ತಮ್ಮ ಪಾತ್ರದ ಹೆಸರಲ್ಲವೆಂದು ಪರದೆಯ ಹಿಂದೆಯೇ ಕಾಯುತ್ತ ನಿಂತರು. ಪಟ್ಟೇವಾಲರು ಸ್ವಲ್ಪ ಹೊತ್ತು ನೋಡಿ, ನೌಕರಿಯಲ್ಲಿ ಮಾಡುತ್ತಿದ್ದಂತೆಯೇ ನ್ಯಾಯಾಧೀಶರತ್ತ ತಿರುಗಿ ಕೈಮುಗಿದರು.

"ಮೂರು ಸಲ ಕೂಗೀನ್ರಿ. ವಕೀಲರು ಗೈರು."

ನ್ಯಾಯಾಧೀಶರಾಗಿ ಕುಳಿತಿದ್ದವರು ಮಾಸ್ತರು. ಅವರು "ಪ್ರಕರಣ ವಜಾ" ಎಂದುಬಿಟ್ಟರು. ಪರದೆ ಎಳೆಯುವವನು ನಾಟಕ ಮುಗಿಯಿತೆಂದು ಎಳೆದ. ಆಗ ನನ್ನ ಹಿಂದೆ ಕುಳಿತಿದ್ದ ಕುರ್ತಕೋಟಿಯ ಮುದುಕರೊಬ್ಬರು, ತಂದೆಯವರ ಹಳೆಯ ಕಕ್ಷಿದಾರರು, ಇಡೀ ಸಭೆಗೆ ಕೇಳುವಂತೆ ಹೇಳಿದರು:

"ಇದ್ದಾಗ ಒಂದ ದಿನಾನೂ ಹಿಂಗ ಮಾಡಿದ್ದಿಲ್ಲ ಬಿಡ್ರಿ. ಸತ್ತ ಮ್ಯಾಲೆ ಸ್ವಲ್ಪ ಸಡ್ಲ ಆಗ್ಯಾರ."

ಸಭೆ ನಕ್ಕು ನಕ್ಕು ಸುಸ್ತಾಯಿತು. ನಮ್ಮ ತಂದೆ ಜ್ವರದಲ್ಲೂ ತಾರೀಖು ತಪ್ಪಿಸಿದವರಲ್ಲ. ಅವರನ್ನು ತುಂಬಿದ ಸಭೆಯಲ್ಲಿ ಗೈರುಹಾಜರೆಂದು ಸಾರಲಾಗಿದೆ. ಮಾಸ್ತರು ಮತ್ತು ಪಟ್ಟೇವಾಲರು ಬರಹದಲ್ಲಿ ಕ್ಷಮೆ ಕೇಳಬೇಕು.