ಆರು ಸಲ ಸತ್ತ ಸೋದರಮಾವ

ನನ್ನ ಸೋದರಮಾವ ಇದುವರೆಗೆ ಆರು ಸಲ ಸತ್ತಿದ್ದಾರೆ. ಆರನ್ನೂ ನಾನು ಕಣ್ಣಾರೆ ಕಂಡಿದ್ದೇನೆ. ಎರಡು ಸಲ ಮೊಬೈಲ್ ಹಿಡಿದು ಚಿತ್ರೀಕರಿಸಿದವನೂ ನಾನೇ. ಗಾಬರಿಯಾಗಬೇಡಿ, ಮಾವ ಸಿನಿಮಾ ಮಾಡುತ್ತಾರೆ. ಕಥೆ ಅವರದು, ನಿರ್ದೇಶನ ಅವರದು, ನಾಯಕನೂ ಅವರೇ. ನಾಯಕ ಸಾಯದಿದ್ದರೆ ಚಿತ್ರ ಮುಗಿಯಿತೆಂದು ಜನರಿಗೆ ತಿಳಿಯುವುದು ಹೇಗೆ ಎಂಬುದು ಅವರ ಪ್ರಶ್ನೆ. ನಿಮ್ಮಲ್ಲಿ ಉತ್ತರವಿದೆಯೇ?

ದಟ್ಟಗಳ್ಳಿಯಲ್ಲಿ ಅವರದೊಂದು ಕನ್ನಡಕದ ಅಂಗಡಿ. ಓದುವ ಕನ್ನಡಕಕ್ಕೆಂದು ಬಂದವರು ಜೊತೆಗೊಂದು ಪಾತ್ರವನ್ನೂ ಹೊತ್ತು ಹೋಗುತ್ತಾರೆ. ಹಾಗೆ ಸಿಕ್ಕಿದ ನಿವೃತ್ತ ಮೇಷ್ಟ್ರೊಬ್ಬರು ಈಗ ಮೂರು ಚಿತ್ರಗಳ ಖಳನಾಯಕ.

ಮೂರನೆಯ ಸಾವು ನಡೆದದ್ದು ಶ್ರೀರಾಂಪುರದಲ್ಲಿ, ನಮ್ಮ ಮನೆಯ ತಾರಸಿಯ ಮೇಲೆ. ಎದೆಯ ತುಂಬ ಬೀಟ್‌ರೂಟ್ ರಸ ಸುರಿದುಕೊಂಡು ಮಾವ ಮಲಗಿದ್ದರು. ಪಕ್ಕದಲ್ಲಿ ಅಳಬೇಕಾದ ಅತ್ತೆ ಸಿಡುಕಿದರು: "ಬೇಗ ಸಾಯ್ರೀ, ಒಲೆ ಮೇಲೆ ಸಾರಿಟ್ಟು ಬಂದಿವ್ನಿ."

ಮಾವ ತಲೆ ಎತ್ತಿದರು. "ಅಂಗೆಲ್ಲ ಅರ್ಜೆಂಟಾಗಿ ಸಾಯಕ್ಕಾಗಲ್ಲ ಕಣೆ. ಭಾವ ಬರ್ಬೇಕು."

ಭಾವಕ್ಕಿಂತ ಮೊದಲು ಡಾಕ್ಟರು ಬಂದರು! ಕೆಂಪು ರಸ ಕಂಡ ಎದುರುಮನೆಯವರು ಗಾಬರಿಯಿಂದ ಕರೆತಂದಿದ್ದರು. ಮಾವ ಮಲಗಿದಲ್ಲಿಂದಲೇ ಕೈಮುಗಿದರು: "ಬಂದಿದ್ದು ಬಂದ್ಬುಟ್ರಿ ಡಾಕ್ಟ್ರೇ, ನಾಡಿ ಹಿಡ್ದು ಒಂದ್ಸಲ ತಲೆ ಅಲ್ಲಾಡಿಸ್ಬುಡಿ." ಡಾಕ್ಟರು ಅಲ್ಲಾಡಿಸಿದರು. ಮುಂದಿನ ಚಿತ್ರಕ್ಕೆ ತಾವಾಗಿಯೇ ಫೋನ್ ಮಾಡಿ ಪಾತ್ರ ಕೇಳಿದರು.

ತಾರಸಿಯ ಮೇಲೆ ಸತ್ತ ಆ ಸಿನಿಮಾವನ್ನು ಸಿದ್ಧಾರ್ಥನಗರದ ಸಣ್ಣ ಸಭಾಂಗಣವೊಂದರಲ್ಲಿ ತೋರಿಸಿದೆವು. ಮಾವ ಪ್ರಾಣ ಬಿಡುತ್ತಿದ್ದಂತೆ ಜನ ಬಿದ್ದುಬಿದ್ದು ನಕ್ಕರು. ನನಗೋ ತಲೆ ಎತ್ತಲಾಗದಷ್ಟು ನಾಚಿಕೆ. "ಮಾವ, ದುಃಖದ ಸೀನಿಗೆ ನಕ್ಬುಟ್ರಲ್ಲ" ಎಂದೆ.

"ಒಬ್ರಾದ್ರೂ ಎದ್ದೋದ್ರೇನೋ? ಇಲ್ವಲ್ಲ. ಗೆದ್ದೆ ಬುಡು" ಎಂದು ಬಾಗಿಲಲ್ಲಿ ನಿಂತು ಎಲ್ಲರ ಕೈಕುಲುಕಿದರು. ಈ ಆತ್ಮವಿಶ್ವಾಸವನ್ನು ಯಾವ ಅಂಗಡಿಯಲ್ಲಿ ಮಾರುತ್ತಾರೋ ನಾನರಿಯೆ.

ಹೋದ ವರ್ಷ ನನ್ನ ಅಮ್ಮನಿಗೆ, ಅಂದರೆ ಮಾವನ ಅಕ್ಕನಿಗೆ, ಪಾರ್ಶ್ವವಾಯು ಬಡಿದು ಮಾತು ನಿಂತುಹೋಯಿತು. ಮಾತು ಕಲಿಸಲು ಬಂದವರ ಮುಂದೆ ಅವಳು ಬಾಯಿ ತೆರೆಯದೆ ಗೋಡೆಯತ್ತ ತಿರುಗುತ್ತಿದ್ದಳು. ಒಂದು ಬೆಳಿಗ್ಗೆ ಮಾವ ಕಾಗದ, ಮೊಬೈಲ್ ಹಿಡಿದು ಬಂದರು. "ಅಕ್ಕಾ, ನಿಂಗೊಂದು ಪಾರ್ಟ್ ಬರ್ದಿವ್ನಿ. 'ಬಾ ತಮ್ಮ' ಅನ್ಬೇಕು, ಅಷ್ಟೇಯ."

ಅಂದು ತುಟಿ ಅಲುಗಿತು, ಸದ್ದು ಬರಲಿಲ್ಲ. "ಚೆನ್ನಾಗಿತ್ತು ಅಕ್ಕ, ಇನ್ನೊಂದ್ಸಲ ತಗೊಳ್ಳಣ" ಎಂದರು. ಅಂಗಡಿ ತೆರೆಯುವ ಮುನ್ನ ದಿನವೂ ಬಂದರು, ದಿನವೂ ಇದೇ ಮಾತು. ಮೂರನೆಯ ತಿಂಗಳ ಒಂದು ಬೆಳಿಗ್ಗೆ ಅಮ್ಮ ಮೊಬೈಲಿನ ಹಿಂದಿದ್ದ ತಮ್ಮನ ಬಾಡಿದ ಮುಖವನ್ನೇ ನೋಡಿದಳು. ಬರೆದುಕೊಟ್ಟ ಮಾತನ್ನು ಬಿಟ್ಟು ತೊದಲುತ್ತ ಕೇಳಿದಳು: "ತಿಂಡಿ... ತಿಂದ್ಯಾ?"

ತಾವು ಬರೆದದ್ದರಲ್ಲಿ ಒಂದಕ್ಷರ ಬದಲಾದರೂ ಸಹಿಸದ ನಿರ್ದೇಶಕರು ಮೊಬೈಲನ್ನು ಮಂಚದ ಮೇಲಿಟ್ಟು ಅವಳ ಕೈ ಹಿಡಿದುಕೊಂಡರು. "ಇಲ್ಲ ಅಕ್ಕ," ಎಂದರು, "ಇನ್ನೂ ಇಲ್ಲ."