ಸೆಟ್ ದೋಸಾಸಂಗ್ರಾಮದಲ್ಲಿ ಷಡಕ್ಷರಯ್ಯನವರ ವಿಜಯ

ಪರಭಾಷಾಸಾಗರಸಂಭೂತವಾಗಿಯೂ ಕನ್ನಡನಾಡಿನ ಮೂಲೆಮೂಲೆಗಳನ್ನು ವ್ಯಾಪಿಸಿರುವ, ಒಂದೇ ಅಕ್ಷರದ ಗಾತ್ರದಲ್ಲಿ ಅಸಂಖ್ಯ ಅರ್ಥಗಳ ಭಾರವನ್ನು ಬೆವರದೆ ಹೊತ್ತಿರುವ, ಹೊಲದಲ್ಲಿ ಪಂಪಿನ ಬೆನ್ನೇರಿ ನೀರೆತ್ತುವ, ನಡುಮನೆಯಲ್ಲಿ ಸೋಫಾದ ಬಾಲ ಹಿಡಿದು ಕೂರುವ, ಮದುವೆಮನೆಯಲ್ಲಿ ಒಡವೆಯ ಪೆಟ್ಟಿಗೆಯೊಳಗೆ ಮಲಗಿ ಬೀಗರ ನಿದ್ದೆ ಕೆಡಿಸುವ, ವೃದ್ಧರ ಬಾಯಲ್ಲಿ ಹಲ್ಲಾಗಿ ಹೊಳೆಯುವ 'ಸೆಟ್' ಎಂಬ ಮಹಾಪದವೇ, ನಿನಗೆ ನಮಸ್ಕಾರ! ನಿನ್ನನ್ನು ಮೊದಲು ವಂದಿಸದೆ ಈ ಕಥೆಗೆ ಕೈಹಾಕಿದವನ ಲೇಖನಿಯು ನಡುವಾಕ್ಯದಲ್ಲಿ ಒಣಗಲಿ. ಏಕೆಂದರೆ ಷಡಕ್ಷರನೆಂಬ ಹೆಸರಿನ ವೀರನನ್ನು ಏಕಾಕ್ಷರವಾದ ನೀನು ರಣಕ್ಕೆಳೆದ ವೃತ್ತಾಂತವಿದು. ಆರರ ಮೇಲೆ ಒಂದು ಎರಗಿದ ಈ ವಿಷಮಯುದ್ಧವನ್ನು ನಿನ್ನ ಅನುಮತಿಯಿಲ್ಲದೆ ಹೇಳುವುದು ನ್ಯಾಯವಲ್ಲ.

ಅದು ಎಂತಹ ಕಾಲ? ಕೃತಯುಗದಲ್ಲಿ ಧರ್ಮಕ್ಕೆ ನಾಲ್ಕು ಕಾಲುಗಳಿದ್ದವು. ತ್ರೇತೆಯಲ್ಲಿ ಮೂರಾದವು, ದ್ವಾಪರದಲ್ಲಿ ಎರಡಾದವು, ಕಲಿಯಲ್ಲಿ ಒಂದೇ ಉಳಿಯಿತು. ಇದೇ ಇಳಿಕೆಯ ಕ್ರಮವನ್ನನುಸರಿಸಿ ತಿಪಟೂರಿನ ಸುಪ್ರಭಾತ ಟಿಫನ್ ರೂಮಿನಲ್ಲಿ ಸೆಟ್ ದೋಸೆಯು ಮೂರರಿಂದ ಎರಡಕ್ಕಿಳಿದ ಯುಗಸಂಧಿಯ ಮಂಗಳವಾರವದು.

ಆ ಮಂಗಳವಾರದ ಬೆಳಗ್ಗೆ, ವಿಭೂತಿವಿಲಸಿತಲಲಾಟನೂ, ಇಸ್ತ್ರಿಕಠಿಣಶುಭ್ರವಸನನೂ, ಅಪವ್ಯಯಪರಾಙ್ಮುಖನೂ ಆದ ಷಡಕ್ಷರಯ್ಯನವರು ಬಟ್ಟೆಯ ಚೀಲವನ್ನು ಗದೆಯಂತೆ ಬೀಸುತ್ತ ಹೊಟೇಲನ್ನು ಪ್ರವೇಶಿಸಿದರು. ಇವರು ತೆಂಗಿನಕಾಯಿ ಮಂಡಿಯಲ್ಲಿ ಕಾಯಿ ಎಣಿಸಿ ನಿವೃತ್ತರಾದವರು. ಕೈಗೆ ಬಂದ ಕಾಯಿ ದಪ್ಪವೋ ಸಣ್ಣದೋ ಎಂದು ನೋಡುವುದು ಎಣಿಸುವವನ ಕೆಲಸವಲ್ಲ. ಅವನಿಗೆ ಗಜಗಾತ್ರದ ಕಾಯಿಯೂ ಒಂದೇ, ನಿಂಬೆಗಾತ್ರದ ಕಾಯಿಯೂ ಒಂದೇ. ಈ ವೃತ್ತಿಧರ್ಮವು ಅವರ ಮೂಳೆಯೊಳಗೆ ಇಳಿದಿತ್ತು.

ಚೀಲದ ಕಾರಣವನ್ನೂ ಇಲ್ಲಿಯೇ ಹೇಳಬೇಕು. ಅವರ ಧರ್ಮಪತ್ನಿ ಕಾತ್ಯಾಯಿನಮ್ಮನವರದು ಸೋಮವಾರ ಒಪ್ಪತ್ತು. ಒಂದು ಹೊತ್ತು ಉಂಡು ಮಲಗಿದ ಆ ಸಾಧ್ವಿಯು ಮಂಗಳವಾರ ಬೆಳಗ್ಗೆ ಒಲೆ ಹಚ್ಚುವುದಿಲ್ಲವೆಂದು ಎಂದೋ ಶಪಥಗೈದಿದ್ದರು. ಅಂದಿನ ತಿಂಡಿ ಹೊಟೇಲಿನಿಂದ ಬರಬೇಕು. ಷಡಕ್ಷರಯ್ಯನವರಾದರೋ ಒಂದೇ ಸೆಟ್ ದೋಸೆ ಕೊಂಡು, ಎರಡನ್ನು ಅಲ್ಲಿಯೇ ತಿಂದು, ಮೂರನೆಯದನ್ನು ಬಾಳೆಲೆಯಲ್ಲಿ ಕಟ್ಟಿಸಿ ಮನೆಗೆ ಒಯ್ಯುವರು. ತಮಗೆ ಎರಡು, ಅವಳಿಗೆ ಒಂದು: ಈ ವಿಭಾಗಕ್ರಮವು ಸೂರ್ಯಚಂದ್ರರ ಗತಿಯಷ್ಟು ಸ್ಥಿರವೆಂದು ಅವರು ನಂಬಿದ್ದರು. ಈಗ ಮನೆಯಲ್ಲಿ ಆ ತಾಯಿ ನಿನ್ನೆಯ ಹಸಿವಿನೊಡನೆ ಬಾಗಿಲ ಕಡೆ ನೋಡುತ್ತ ಕುಳಿತಿದ್ದಾರೆ. ಮುಂದಿನ ಯುದ್ಧಕ್ಕೆ ಪಣವಾದದ್ದು ಅವರ ಹೊಟ್ಟೆ.

ಅಡುಗೆಕಿಂಡಿಯಲ್ಲಿ ಪಾಕಶಾಲಾಧಿಪತಿ ಭೋಜಣ್ಣನು ತಟ್ಟೆಯನ್ನು ಮುಂದೆ ನೂಕಿದನು. ಮೋಡದ ತುಣುಕಿನಂತೆ ಉಬ್ಬಿ, ಸಾಗುವಿನ ಕಿರೀಟ ಧರಿಸಿ, ಹೊಗೆಯಾಡುತ್ತ ದೋಸೆಗಳು ಕುಳಿತಿದ್ದವು. ಷಡಕ್ಷರಯ್ಯನವರು ಎಣಿಸಿದರು. ಮತ್ತೆ ಎಣಿಸಿದರು. ಮೇಲಿನದನ್ನು ಬೆರಳ ತುದಿಯಿಂದ ಎತ್ತಿ ಅಡಿಯಲ್ಲಿ ಇಣುಕಿದರು. ಅನಂತರ ಗಲ್ಲಾಪೆಟ್ಟಿಗೆಯ ಸಿಂಹಾಸನದಲ್ಲಿ ವಿರಾಜಮಾನರಾಗಿದ್ದ ಮಾಲೀಕ ವಾದಿರಾಜ ಐತಾಳರ ಕಡೆಗೆ ತಿರುಗಿ ಗರ್ಜಿಸಿದರು.

"ಇದೇನ್ರೀ ಐತಾಳ್ರೇ, ಇನ್ನೊಂದೆಲ್ಲಿ?"

"ಎಂತ ಇನ್ನೊಂದು? ಇವತ್ತಿಂದ ಸೆಟ್ಟಿಗೆ ಎರಡು ಮಾರಾಯ್ರೆ. ದೋಸೆ ದೊಡ್ಡದು ಮಾಡಿದ್ದೇವೆ. ಮೂರಕ್ಕೆ ಹಾಕ್ತಿದ್ದ ಹಿಟ್ಟನ್ನೇ ಎರಡಕ್ಕೆ ಹಾಕುದು. ನಿಮ್ಗೆ ನಷ್ಟ ಎಂತ ಇಲ್ಲ."

"ಹಿಟ್ಟಿನ ಸುದ್ದಿ ಯಾರ್ ಕೇಳಿದ್ರು? ನಾನ್ ಎಣಿಕೆ ಕೇಳ್ತಾ ಇದೀನಿ."

"ಬೇಕಾದ್ರೆ ಬಿಡಿ ದೋಸೆ ಒಂದು ಬೇರೆ ತಗೊಳ್ಳಿ."

ಈ ನುಡಿಯು ಕಾದ ಕಾವಲಿಯ ಮೇಲೆ ನೀರೆರಚಿದಂತಾಯಿತು. ಷಡಕ್ಷರಯ್ಯನವರು ಚೀಲವನ್ನು ಮೇಜಿನ ಮೇಲಿಟ್ಟರು, ಹೆಗಲ ವಲ್ಲಿಯನ್ನು ಸೊಂಟಕ್ಕೆ ಬಿಗಿದರು, ಬಲಗೈಯನ್ನು ಎತ್ತಿ ಸಭೆಗೆ ತೋರಿಸಿದರು.

"ನೋಡ್ರಪ್ಪಾ ಈ ಕೈನ! ಲಾರಿಗಟ್ಲೆ ಕಾಯಿ ಈ ಕೈಮೇಲೆ ದೆಲ್ಲಿಗೋಯ್ತು, ಒಂದ್ ಕಾಯಿ ಹೆಚ್ಚಿಲ್ಲ, ಒಂದ್ ಕಾಯಿ ಕಮ್ಮಿ ಇಲ್ಲ. ಮಂಡೀಲಿ ನಾನ್ ಬಾಯ್ಬಿಟ್ರೆ ದಲ್ಲಾಳಿಗಳು ಬೀಡಿ ಆರಿಸ್ತಿದ್ರು. ಅಂಥೋನ ಮುಂದೆ ಎರಡಿಟ್ಟು ಸೆಟ್ಟು ಅಂತೀರಾ? ಎರಡಾದ್ರೆ ಜೊತೆ ಅನ್ರಿ! ಜೋಡಿ ಅನ್ರಿ! ಚಪ್ಪಲಿ ಅನ್ರಿ ಬೇಕಾದ್ರೆ!"

ಗಲ್ಲಾಸಿಂಹಾಸನಸ್ಥನೂ ಎದ್ದನು. ಕೋಟದ ಕಡಲತೀರದಲ್ಲಿ ಬೇರುಳ್ಳ, ತಿಪಟೂರಿನ ಬಯಲಲ್ಲಿ ಬೆಳೆದ ಆ ವಂಶವೃಕ್ಷವು ಕ್ರೋಧದಿಂದ ಅಲುಗಿತು.

"ನಮ್ಮಜ್ಜ ಬರಿಗಾಲಲ್ಲಿ ಬಂದು ಹಚ್ಚಿದ ಒಲೆ ಇದು. ಅವತ್ತಿಂದ ಆರ್ಲಿಲ್ಲ. ಕರೆಂಟು ಹೋಯ್ತು, ಆರ್ಲಿಲ್ಲ. ಎದ್ರಿಗೆ ಬೇರೆ ಹೊಟೇಲು ಬಂತು, ಆರ್ಲಿಲ್ಲ. ನಂಗೆ ಮದುವೆಯೇ ಆಯ್ತು, ಅದಕ್ಕೂ ಆರ್ಲಿಲ್ಲ! ನೀವು ಕೂಗಿದ್ರೆ ಆರ್ತದಾ? ಸೆಟ್ಟು ಅಂದ್ರೆ ಎಷ್ಟು ಅಂತ ಶಾಸ್ತ್ರದಲ್ಲಿ ಉಂಟಾ? ಕೇಳಿ ಬೇಕಾದ್ರೆ ಇವ್ರನ್ನೆಲ್ಲ!"

ಹೀಗೆ ಯುದ್ಧವು ಇಬ್ಬರ ಕೈಮೀರಿ ಸಭೆಯ ಪಾಲಾಯಿತು. ತಿಂಡಿಗೆ ಬಂದಿದ್ದ ಮಹಾರಥಿಗಳು ಚಮಚಗಳನ್ನು ಹಿರಿದು ಎರಡು ಪಾಳೆಯವಾಗಿ ನಿಂತರು.

ಐತಾಳಪಕ್ಷದಿಂದ ಮೊದಲು ಹೊರಟವರು ಮೋಟಾರು ರಿಪೇರಿಯ ದಸ್ತಗೀರ್ ಸಾಬರು; ಭೂಗರ್ಭದಿಂದ ಗಂಗೆಯನ್ನು ಮೇಲಕ್ಕೆ ಕರೆಯಬಲ್ಲ ತೈಲಲಿಪ್ತಹಸ್ತರು. "ಅಯ್ನೋರೇ, ಪಂಪ್‌ಸೆಟ್ ಅಂದ್ರೆ ಏನು? ಮೋಟ್ರು ಒಂದು, ಪಂಪು ಒಂದು. ಆಯ್ತು, ಎರಡು. ಮೂರ್ನೇದು ಏನ್ ಇಡಾದು ಅಲ್ಲಿ? ಬಕೀಟಾ?"

ಅವರ ಬೆನ್ನಿಗೆ ನಿವೃತ್ತ ಹೆಡ್ ಕಾನ್‌ಸ್ಟೇಬಲ್ ಮಲ್ಲೇಗೌಡರು ಎದ್ದರು. ಮಾತಿಗಿಂತ ಸಾಕ್ಷ್ಯವೇ ಮೇಲೆಂಬ ಇಲಾಖೆಯ ಅಭ್ಯಾಸದಂತೆ ಅವರು ತಮ್ಮ ಹಲ್ಲಿನ ಸೆಟ್ಟನ್ನೇ ಬಾಯಿಂದ ತೆಗೆದು ಮೇಜಿನ ಮೇಲೆ ಮಂಡಿಸಿ, "ಮೇಯೊಂದು, ಕೆಯಗೊಂದು!" ಎಂದು ಘೋಷಿಸಿದರು. ಇಡ್ಲಿ ತಿನ್ನುತ್ತಿದ್ದ ಇಬ್ಬರು ಈ ಅಸ್ತ್ರದ ತೇಜಸ್ಸನ್ನು ತಾಳಲಾರದೆ ತಟ್ಟೆಯೊಡನೆ ಹೊರಗೋಡಿದರು.

ಷಡಕ್ಷರಯ್ಯನವರ ಸೇನೆ ತತ್ತರಿಸಿತು. ಆಗ ಮೂಲೆಯ ಮೇಜಿನಿಂದ ಬಳೆಯಂಗಡಿಯ ನೀಲಮ್ಮನವರು, ಮೊಣಕೈವರೆಗಿನ ಬಳೆಗಳನ್ನು ಜಯಘಂಟೆಯಂತೆ ಝಣಝಣಿಸುತ್ತ, ರಂಗಕ್ಕೆ ಬಂದರು.

"ಗಂಡಸ್ರಿಗೆ ಏನ್ ಗೊತ್ತೈತೆ ಸೆಟ್ಟಿನ್ ವಿಚಾರ? ನನ್ ಅಂಗಡೀಲಿ ಸೆಟ್ಟು ಅಂದ್ರೆ ಹನ್ನೆರಡು. ಒಂದ್ ಕಮ್ಮಿ ಕೊಟ್ರೆ ಹೆಣ್ಮಕ್ಳು ಅಂಗಡೀಗೇ ಬೆಂಕಿ ಇಕ್ತಾರೆ."

ಹನ್ನೆರಡು! ಆ ಸಂಖ್ಯೆಯನ್ನು ಕೇಳಿ ಷಡಕ್ಷರಯ್ಯನವರ ಕಣ್ಣೆದುರು ಹನ್ನೆರಡು ದೋಸೆಗಳ ಗೋಪುರವೊಂದು ಕ್ಷಣಕಾಲ ಉದಯಿಸಿ, ಶಿಖರದಿಂದ ಸಾಗುವನ್ನು ಸುರಿಸಿ, ಅಸ್ತಂಗತವಾಯಿತು. ಐತಾಳರು ಗಲ್ಲಾಪೆಟ್ಟಿಗೆಯ ಮುಚ್ಚಳವನ್ನು ಮುಚ್ಚಿದರು.

"ಹನ್ನೆರಡು ಕೊಟ್ರೆ ನಾನೇ ಬಳೆ ತೊಟ್ಕೊಂಡು ಊರಿಗೆ ಹೋಗ್ಬೇಕಷ್ಟೆ!"

"ತೊಟ್ಕೊಳ್ರಿ, ಸೆಟ್ಟು ನಾನ್ ಕೊಡ್ತೀನಿ," ಎಂದರು ನೀಲಮ್ಮ.

"ಸುಮ್ಕಿರ್ರಪ್ಪಾ," ಎಂದು ನಡುವೆ ಬಂದವನು ಗಾರೆಯ ಮುನಿಯಪ್ಪ; ಗೋಡೆಗಳ ಜನಕ, ಮೂಲೆಮಟ್ಟದ ಮಹರ್ಷಿ. "ಸೆಟ್ಟು ಅಂದ್ರೆ ಎಣ್ಸಾದಲ್ಲ, ಆಗಾದು. ಸಿಮೆಂಟ್ ಹಾಕ್ತೀವಾ? ನೀರ್ ಬಿಟ್ಟು ಮುಟ್ದಂಗೆ ಬಿಟ್ಬುಡ್ಬೇಕು. ತಾನೇ ಸೆಟ್ ಆಯ್ತದೆ. ಈ ಜಗಳಾನೂ ಹಂಗೇ. ನಾಳೆ ಬನ್ನಿ, ಗಟ್ಟಿಯಾಗಿರ್ತದೆ."

"ಜಗಳ ಗಟ್ಟಿಯಾಗತ್ತೋ, ದೋಸೆ ಗಟ್ಟಿಯಾಗತ್ತೋ?" ಎಂದು ಯಾರೋ ಕೂಗಿದರು. ನಗೆಯ ಬಾಣಗಳು ಎರಡೂ ಪಾಳೆಯಗಳ ಮೇಲೆ ಸಮಾನವಾಗಿ ಸುರಿದವು.

ಕೊನೆಗೆ ಎಲ್ಲರ ದೃಷ್ಟಿಯೂ, ಇದುವರೆಗೆ ಮೌನವಾಗಿ ವಡೆಯನ್ನು ಸಮಭಾಗಗಳಾಗಿ ಕತ್ತರಿಸುತ್ತಿದ್ದ ಹೈಸ್ಕೂಲು ಗಣಿತದ ಅಂಬುಜಾಕ್ಷಿ ಮಿಸ್ಸಿನ ಮೇಲೆ ನಿಂತಿತು. "ನೀವೇ ಹೇಳಿ ಮಿಸ್! ಪುಸ್ತಕದಲ್ಲಿ ಏನೈತೆ?"

ಆಕೆ ಕೈ ಒರೆಸಿಕೊಂಡು, ಕನ್ನಡಕವನ್ನು ಸರಿಪಡಿಸಿ, ತರಗತಿಯ ಧ್ವನಿಯಲ್ಲಿ ನುಡಿದಳು: "ಗಣಿತದಲ್ಲಿ ಅದಕ್ಕೆ ಗಣ ಅಂತೀವಿ. ಅದರಲ್ಲಿ ಮೂರಿರಬಹುದು, ಎರಡಿರಬಹುದು, ಲೆಕ್ಕವೇ ಇಲ್ಲದಷ್ಟಿರಬಹುದು. ಒಂದೂ ಇಲ್ಲದಿದ್ದರೂ ಅದು ಸೆಟ್ಟೇ. ಶೂನ್ಯಗಣ."

ಐತಾಳರ ಕಣ್ಣಲ್ಲಿ, ಖಾಲಿ ತಟ್ಟೆಯ ಮೇಲೆ ಸಾಗು ಮಾತ್ರ ಹಾಕಿ ಪೂರ್ಣ ಸೆಟ್ಟೆಂದು ಕೊಡುವ ಹೊಸ ಯುಗವೊಂದರ ಕಿಡಿ ಮಿನುಗಿತು. ಆ ಕಿಡಿಯನ್ನು ಕಂಡ ಗಿರಾಕಿಗಳೆಲ್ಲ, ಮಿತ್ರರು ಶತ್ರುಗಳೆಂಬ ಭೇದವಿಲ್ಲದೆ, ತಮ್ಮ ತಮ್ಮ ತಟ್ಟೆಗಳನ್ನು ಎರಡೂ ಕೈಗಳಿಂದ ಅಪ್ಪಿಕೊಂಡರು. ದಸ್ತಗೀರ್ ಸಾಬರು, "ಯಾ ಅಲ್ಲಾ, ಮಿಸ್ಸು ನಮ್ ತಿಂಡೀನೇ ಅಳಿಸ್‌ಬಿಟ್ರಲ್ಲಾ" ಎಂದು ನಿಟ್ಟುಸಿರಿಟ್ಟರು.

ಶಸ್ತ್ರಾಸ್ತ್ರಗಳೆಲ್ಲ ಮುಗಿದಾಗ ವೀರನ ಬಾಯಿಂದ ನಿಜ ಹೊರಬೀಳುತ್ತದೆ. ಷಡಕ್ಷರಯ್ಯನವರು ಸೊಂಟದ ವಲ್ಲಿಯನ್ನು ಬಿಚ್ಚಿ ಹೆಗಲಿಗೆ ಹಾಕಿಕೊಂಡು ತಗ್ಗಿದ ದನಿಯಲ್ಲಿ ಹೇಳಿದರು.

"ನೋಡ್ರಿ ಐತಾಳ್ರೇ, ನನ್ನಾಕೆ ನಿನ್ನೆ ಒಪ್ಪತ್ತು. ಮೂರ್ನೇದು ಅವಳಿಗೆ. ನಾನ್ ಎರಡು ತಿಂದು ಒಂದ್ ತಗೊಂಡೋಗ್ತೀನಿ. ಈಗ ಎರಡೇ ಕೊಟ್ರೆ, ನಾನ್ ತಿಂದ್ಮೇಲೆ ಏನ್ ಒಯ್ಯಲಿ? ನನ್ ಎಂಜಲು ಹರಿದು ಕಟ್ಕೊಂಡೋಗ್ಲಾ?"

ಐತಾಳರ ಕ್ರೋಧವು ಬಿಸಿ ಕಾವಲಿಯ ಮೇಲಿನ ನೀರ ಹನಿಯಂತೆ ಕ್ಷಣದಲ್ಲಿ ಹಾರಿಹೋಯಿತು.

"ಅಯ್ಯೋ ದೇವ್ರೇ! ಅಮ್ಮನಿಗೆ ಅಂತ ಮೊದ್ಲೇ ಹೇಳ್ಬಾರ್ದಾ? ಇಷ್ಟು ಹೊತ್ತು ಎಂತಕ್ಕೆ ಹಲ್ಲು ಬಳೆ ಎಲ್ಲ ಮಾತಾಡಿದ್ದು ನಾವು? ಭೋಜಣ್ಣಾ! ಇವ್ರಿಗೆ ಇನ್ನು ಯಾವತ್ತೂ ಮೂರೇ!"

ಭೋಜಣ್ಣನು ಆಜ್ಞೆಯನ್ನು ಶಿರಸಾವಹಿಸಿದನು. ಆದರೆ ಅವನಿಗೂ ಒಂದು ವೃತ್ತಿಧರ್ಮವಿತ್ತು: ಒಂದು ಪ್ಲೇಟಿಗೆ ಒಂದು ಲೋಟ ಹಿಟ್ಟು. ಮಾಲೀಕನು ಎಣಿಕೆಯನ್ನು ಬದಲಿಸಿದ್ದನೇ ಹೊರತು ಲೋಟವನ್ನು ಬದಲಿಸಿರಲಿಲ್ಲ. ಆದುದರಿಂದ ಅವನು ಅದೇ ಲೋಟದ ಹಿಟ್ಟನ್ನು ಮೂರು ಕಡೆ ಸುರಿದನು. ತಣ್ಣಗಾಗಿದ್ದ ಆ ಎರಡು ಬೃಹದ್ದೋಸೆಗಳನ್ನು ದಸ್ತಗೀರ್ ಸಾಬರು ತಮ್ಮ ಲೆಕ್ಕಕ್ಕೆ ಹಾಕಿಸಿಕೊಂಡು ರಣಭೂಮಿಯನ್ನು ಶುಚಿಗೊಳಿಸಿದರು.

ಹೊಸ ತಟ್ಟೆ ಬಂದಿತು. ಷಡಕ್ಷರಯ್ಯನವರು ಎಣಿಸಿದರು: ಒಂದು, ಎರಡು, ಮೂರು. ಅವರ ಮುಖದಲ್ಲಿ ಮೂಡಿದ ಪ್ರಭೆಯನ್ನು ಏನೆಂದು ವರ್ಣಿಸಲಿ! ನೀಲಮ್ಮನವರ ಬಳೆಗಳು ಮೊಳಗಿದವು. ಹಲ್ಲನ್ನು ಮರಳಿ ಧರಿಸಿದ ಮಲ್ಲೇಗೌಡರು ಸ್ಪಷ್ಟೋಚ್ಚಾರದಿಂದ "ಶಹಬ್ಬಾಸ್" ಎಂದರು. ಎರಡನ್ನು ತಿಂದು, ಮೂರನೆಯದನ್ನು ಬಾಳೆಲೆಯಲ್ಲಿ ಕಟ್ಟಿಸಿಕೊಂಡು, ಅಪಹೃತರಾಜ್ಯವನ್ನು ಮರಳಿ ಪಡೆದ ಅರಸನಂತೆ, ವಿಜಯೋನ್ನತಮಸ್ತಕರಾಗಿ ಅವರು ಮನೆಗೆ ನಡೆದರು. ದಾರಿಯಲ್ಲಿ ಎರಡು ಆಟೋಗಳೂ ಒಂದು ಹಸುವೂ ಅವರಿಗೆ ಎಡೆಬಿಟ್ಟುಕೊಟ್ಟವು.

ಕಾತ್ಯಾಯಿನಮ್ಮನವರು ಹೊಸ್ತಿಲಲ್ಲೇ ನಿಂತಿದ್ದರು.

"ಎಷ್ಟೊತ್ರೀ? ಹೊಟ್ಟೆ ಬೆನ್ನಿಗ್ ಹತ್ತೋಯ್ತು."

"ಯುದ್ಧ ಆಯ್ತು ಕಣೇ! ಸೆಟ್ಟಿಗೆ ಎರಡೇ ಅಂದ್ಬಿಟ್ಟ ಐತಾಳ. ಬಿಡ್ತೀನಾ ನಾನು? ಊರೇ ಸೇರ್ತು. ಮೂರು ಮಾಡಿಸ್ಕೊಂಡೇ ಬಂದಿದ್ದು!"

ಆಕೆ ಬಾಳೆಲೆಯನ್ನು ಬಿಚ್ಚಿದರು. ದೋಸೆಯು ಆಕೆಯ ಅಂಗೈಯ ಮೇಲೆ, ಬೆರಳುಗಳಿಗೆ ಯಾವ ತೊಂದರೆಯೂ ಕೊಡದೆ, ಆರಾಮವಾಗಿ ಕುಳಿತಿತು.

"ಇದೇನ್ರೀ, ಯುದ್ಧ ಮಾಡಿ ತಂದ್ರೂ ಅದೇ ಸಣ್ಣದು?"

"ಸಣ್ಣದೋ ದೊಡ್ಡದೋ, ಮೂರಲ್ವಾ? ದೊಡ್ಡವು ಎರಡಿದ್ವು. ಹಿಟ್ಟೆಲ್ಲಾ ಅಷ್ಟೇ ಅಂತೆ."

ಕಾತ್ಯಾಯಿನಮ್ಮನವರು ನಿಧಾನವಾಗಿ ಅಗಿದರು. ನಾಲ್ಕು ತುತ್ತಿಗೆ ದೋಸೆಯು ಮುಗಿಯಿತು. ಆದರೆ ಅವರ ಲೆಕ್ಕವು ಆಗಷ್ಟೇ ಆರಂಭವಾಗಿತ್ತು.

"ಹಂಗಾದ್ರೆ ಆ ದೊಡ್ಡವೆರಡ್ರಲ್ಲಿ ಒಂದು ನೀವ್ ತಿಂದು ಒಂದು ತಂದಿದ್ರೆ, ನನಗೆ ಇದ್ರದ್ದು ಒಂದೂವರೆ ಬರ್ತಿತ್ತಲ್ರೀ."

"ಆಗ ನನಗೆ ಒಂದೇ ಆಗ್ತಿತ್ತಲ್ಲೇ!"

"ಆಗ್ಲಿ. ನಿಮಗೂ ಒಂದೂವರೆ."

ಲಾರಿಗಟ್ಟಲೆ ಕಾಯಿ ಎಣಿಸಿದ ಆ ಕೈಯು ಒಂದೂವರೆಯನ್ನು ಎಣಿಸಹೊರಟು, ಒಂದಕ್ಕೆ ಒಂದು ಬೆರಳು ಮಡಿಸಿ, ಅರ್ಧಕ್ಕೆ ಇನ್ನೊಂದನ್ನು ಅರ್ಧ ಮಡಿಸಿತು.

"ಇಷ್ಟ್ ವರ್ಷ ನಿಮಗೆ ಎರಡು, ನನಗೊಂದು. ಅವ್ರು ಪಾಪ ಸಮ ಮಾಡಿ ಕೊಟ್ರೆ ಊರ್ ಸೇರಿಸಿ ಜಗಳ ಆಡ್ಕೊಂಡ್ ಬಂದ್ರಿ," ಎಂದು ಕಾತ್ಯಾಯಿನಮ್ಮನವರು ಎದ್ದು, ಸೆರಗು ಸಿಕ್ಕಿಸಿಕೊಂಡು, ಅಡುಗೆಮನೆಗೆ ಹೋಗಿ ಮಂಗಳವಾರದ ಒಲೆಯನ್ನು ಹಚ್ಚಿದರು. ರವೆಯ ಡಬ್ಬದ ಮುಚ್ಚಳ ತೆರೆದ ಸದ್ದು ಕೇಳಿಸಿತು.

"ಬನ್ರಿ ಇಲ್ಲಿ."

ಷಡಕ್ಷರಯ್ಯನವರು ವಲ್ಲಿಯನ್ನು ಗೂಟಕ್ಕೆ ಹಾಕಿ, ಈಳಿಗೆಮಣೆಯ ಮುಂದೆ ಕುಳಿತು, ಈರುಳ್ಳಿ ಹೆಚ್ಚತೊಡಗಿದರು.